ತಿನ್ನುವ ಚೆಸ್ಟ್‌ನಟ್ ಗುರುತಿಸುವುದು ಹೇಗೆ?

ಮರದಡಿ ಬಿದ್ದ ಕಂದು ಕಾಯಿಯ ಬಣ್ಣ, ಹೊಳಪು ನೋಡಿ ತೀರ್ಮಾನಿಸಬೇಡಿ. ತಿನ್ನುವ ಚೆಸ್ಟ್‌ನಟ್ ಕ್ಯಾಸ್ಟೇನಿಯಾ ಕುಲದ್ದು. ಅದರಂತೆಯೇ ಮಿರುಗುವ ಹಾರ್ಸ್ ಚೆಸ್ಟ್‌ನಟ್ ಈಸ್ಕ್ಯುಲಸ್ ಕುಲದ್ದು. ಹೆಸರು ಬಿಟ್ಟರೆ ಎರಡಕ್ಕೂ ನೆಂಟಸ್ತನವಿಲ್ಲ. ಎರಡನೆಯದರ ಬೀಜದಲ್ಲಿ ಈಸ್ಕ್ಯುಲಿನ್, ಸಪೋನಿನ್ ಇರುವುದರಿಂದ ತಿಂದರೆ ವಾಂತಿ, ಭೇದಿ ಆಗುತ್ತದೆ. ಹುರಿದರೂ ಬೇಯಿಸಿದರೂ ಅದು ತಿನ್ನಲು ಯೋಗ್ಯವಾಗುವುದಿಲ್ಲ.

ಮೊದಲು ಎಲೆ ನೋಡಿ. ತಿನ್ನುವ ಜಾತಿಯಲ್ಲಿ ಒಂದೊಂದೇ ಉದ್ದನೆಯ ಎಲೆ, ಸುಮಾರು 15ರಿಂದ 25 ಸೆಂ.ಮೀ.; ಅಂಚು ಗರಗಸದಂತೆ, ಪ್ರತಿ ಪಕ್ಕನರವೂ ಒಂದು ಹಲ್ಲಿನ ತುದಿಯಲ್ಲಿ ಮುಗಿಯುತ್ತದೆ. ಹಾರ್ಸ್ ಚೆಸ್ಟ್‌ನಟ್‌ನಲ್ಲಿ ಬೂರುಗದ ಎಲೆಯಂತೆ ಒಂದೇ ತೊಟ್ಟಿನ ತುದಿಯಿಂದ 5-7 ಕಿರುಎಲೆಗಳು ಬೆರಳು ಬಿಚ್ಚಿದಂತೆ ಹರಡಿರುತ್ತವೆ. ದೂರದಿಂದಲೇ ತಿಳಿಯುವ ಗುರುತು ಇದು.

ಸಿಪ್ಪೆಯೂ ಸುಳ್ಳು ಹೇಳುವುದಿಲ್ಲ. ತಿನ್ನುವ ಕಾಯಿಯ ಹೊರಕವಚದಲ್ಲಿ ಸೂಜಿಯಂಥ ಮುಳ್ಳುಗಳು ಬೆರಳಿಡಲೂ ಜಾಗವಿಲ್ಲದಷ್ಟು ದಟ್ಟ. ಒಳಗೆ ಸಾಮಾನ್ಯವಾಗಿ 2-3 ಕಾಯಿ. ಇನ್ನೊಂದರದು ದಪ್ಪ ಹಸಿರು ಸಿಪ್ಪೆ, ಅಲ್ಲೊಂದು ಇಲ್ಲೊಂದು ಗಿಡ್ಡ ಮುಳ್ಳು, ಒಳಗೆ ಹೆಚ್ಚಾಗಿ ಒಂದೇ ಬೀಜ.

ಎಲೆಯೂ ಸಿಪ್ಪೆಯೂ ಸಿಗದಿದ್ದರೆ ಕಾಯಿಯ ತುದಿ ನೋಡಿ. ತಿನ್ನುವುದಕ್ಕೆ ಚೂಪು ತುದಿ, ಅದರ ಮೇಲೆ ಒಣಗಿದ ಸಣ್ಣ ಕುಚ್ಚು. ಒಂದು ಮಗ್ಗುಲು ಹೆಚ್ಚಾಗಿ ಚಪ್ಪಟೆ. ವಿಷದ್ದು ಗುಂಡಗೆ, ತುದಿಯೇ ಇಲ್ಲ, ದೊಡ್ಡ ಬಿಳಿಚು ಮಚ್ಚೆಯೊಂದಿರುತ್ತದೆ. ಕುಚ್ಚು ಮುರಿದುಹೋಗಿ ಅನುಮಾನ ಬಂದರೆ ಆ ಕಾಯಿ ಬಿಟ್ಟುಬಿಡಿ.

ಶರತ್ಕಾಲದಲ್ಲಿ ಕಾಯಿ ತಾನಾಗಿ ಉದುರುತ್ತದೆ. ಕೊಂಬೆ ಬಡಿದು ಬೀಳಿಸಿದವು ಬಲಿತಿರುವುದಿಲ್ಲ. ದಪ್ಪ ಚರ್ಮದ ಕೈಗವಸು ಹಾಕಿ, ದಿನಕ್ಕೊಮ್ಮೆಯಾದರೂ ಹೆಕ್ಕಿ. ನೆಲದಲ್ಲೇ ಬಿಟ್ಟಷ್ಟೂ ಬೂಷ್ಟು ಹಿಡಿಯುತ್ತದೆ. ತಂದವನ್ನು ನೀರಿಗೆ ಹಾಕಿ. ತೇಲಿದವುಗಳಲ್ಲಿ ಹೆಚ್ಚಿನವು ಹುಳು ತಿಂದವು ಇಲ್ಲವೇ ಒಣಗಿದವು. ಮುಳುಗಿದವೆಲ್ಲ ಚೆನ್ನಾಗಿವೆ ಎಂದಲ್ಲ: ಮೂತಿಹುಳದ ಮೊಟ್ಟೆ ಇದ್ದರೂ ಕಾಯಿ ಮುಳುಗುತ್ತದೆ, ಮರಿಹುಳು ಆಮೇಲೆ ದುಂಡನೆ ತೂತು ಕೊರೆದು ಹೊರಬರುತ್ತದೆ.

ಇದನ್ನು ಬಾದಾಮಿಯಂತೆ ಡಬ್ಬಿಗೆ ತುಂಬಿಡುವುದೇ ಬಹಳ ಜನ ಮಾಡುವ ತಪ್ಪು. ಹಸಿ ಚೆಸ್ಟ್‌ನಟ್‌ನ ತೂಕದಲ್ಲಿ ಸುಮಾರು ಅರ್ಧ ನೀರು. ಎಣ್ಣೆ ಕಡಿಮೆ, ಪಿಷ್ಟ ಹೆಚ್ಚು. ಹೊರಗಿಟ್ಟರೆ ಕಲ್ಲಾಗುತ್ತದೆ, ಗಾಳಿಯಾಡದಂತೆ ಕಟ್ಟಿಟ್ಟರೆ ಕೊಳೆಯುತ್ತದೆ. ಮೈಮೇಲಿನ ನೀರು ಒರೆಸಿ, ತೂತಿರುವ ಚೀಲದಲ್ಲಿ ಫ್ರಿಜ್‌ನಲ್ಲಿಡಿ. ಕೆಲವು ದಿನ ಕಳೆದರೆ ಪಿಷ್ಟದ ಒಂದು ಪಾಲು ಸಕ್ಕರೆಯಾಗಿ ರುಚಿಯೂ ಏರುತ್ತದೆ.

ಹುರಿಯುವ ಮುನ್ನ ಪ್ರತಿ ಕಾಯಿಯ ಚಿಪ್ಪನ್ನೂ ಚಾಕುವಿನಿಂದ ಅಡ್ಡಡ್ಡ ಸೀಳಲೇಬೇಕು, ಇಲ್ಲವಾದರೆ ಒಳಗಿನ ಹಬೆಗೆ ಸಿಡಿಯುತ್ತದೆ. ಓವನ್‌ನಲ್ಲಿ 200 ಡಿಗ್ರಿ ಸೆಲ್ಸಿಯಸ್, 20ರಿಂದ 30 ನಿಮಿಷ ಸಾಕು. ಬಿಸಿಯಿರುವಾಗಲೇ ಸುಲಿಯಿರಿ, ಆರಿದರೆ ಒಳಗಿನ ಒಗರು ಪೊರೆ ಮತ್ತೆ ತಿರುಳಿಗೆ ಅಂಟಿಕೊಳ್ಳುತ್ತದೆ.