ಗ್ರಂಥಋಣ ಪಟ್ಟಿಯ ಕೆಳಗೆ ಕೂತಿರುವ ಲೈಬ್ರರಿ ಫೈಲ್: ನನ್ನ ಅನುಭವ

ನಮ್ಮ ವಿಭಾಗದಲ್ಲಿ ಪಿಎಚ್‌ಡಿ ಬರೆಯುವವರು ಗ್ರಂಥಋಣ ಪಟ್ಟಿಯನ್ನು ಒಬ್ಬೊಬ್ಬರು ಒಂದೊಂದು ರೂಪದಲ್ಲಿ ತರುತ್ತಾರೆ. ಒಬ್ಬರದು ಎಂಡ್‌ನೋಟ್, ಇನ್ನೊಬ್ಬರದು ಗ್ರಂಥಾಲಯದ ಕ್ಯಾಟಲಾಗ್‌ನಿಂದ ಇಳಿಸಿಕೊಂಡ ರಿಸ್ ಫೈಲ್, ಮತ್ತೊಬ್ಬರದು ವರ್ಡ್‌ನದ್ದು. ಎಲ್ಲವನ್ನೂ ಬಿಬ್‌ಟೆಕ್‌ಗೆ, ಅಂದರೆ ಲೇಟೆಕ್ ಎಂಬ ಪುಟಜೋಡಣೆ ತಂತ್ರಾಂಶ ಬಳಸುವ ಪಟ್ಟಿ ರೂಪಕ್ಕೆ, ತಂದು ಕೊಡುವುದು ನನ್ನ ಕೆಲಸ. ಇದಕ್ಕೆ ನಾನು ನೆಚ್ಚಿಕೊಂಡಿರುವುದು ಬಿಬ್‌ಯೂಟಿಲ್ಸ್, ಒಂದು ರೂಪದ ಪಟ್ಟಿಯನ್ನು ಇನ್ನೊಂದಕ್ಕೆ ಬದಲಿಸುವ ಪುಟ್ಟ ಪ್ರೋಗ್ರಾಮ್‌ಗಳ ಕಟ್ಟು. ಅಮೆರಿಕದ ಸ್ಕ್ರಿಪ್ಸ್ ಸಂಶೋಧನಾ ಸಂಸ್ಥೆಯಲ್ಲಿದ್ದ ಕ್ರಿಸ್ ಪಟ್ನಮ್ ಬರೆದದ್ದು, ಜಿಪಿಎಲ್ ಪರವಾನಗಿಯಲ್ಲಿ ಪುಕ್ಕಟೆ ಸಿಗುತ್ತದೆ. ಮೌಸ್ ಒತ್ತಿ ಮಾಡುವಂಥದ್ದು ಏನೂ ಇಲ್ಲ, ಎಲ್ಲಾ ಟರ್ಮಿನಲ್‌ನಲ್ಲೇ.

ಇದರ ಉಪಾಯ ಸರಳ. ಎಂಟು ರೂಪಗಳಿವೆ ಅಂದುಕೊಳ್ಳಿ. ಪ್ರತಿಯೊಂದರಿಂದ ಪ್ರತಿಯೊಂದಕ್ಕೂ ನೇರ ಪರಿವರ್ತಕ ಬರೆಯಹೊರಟರೆ 56 ಬೇಕು. ಬಿಬ್‌ಯೂಟಿಲ್ಸ್ ಮಧ್ಯದಲ್ಲಿ ಮಾಡ್ಸ್ ಎಂಬ ಎಕ್ಸ್‌ಎಂಎಲ್ ರೂಪವನ್ನು ಇಟ್ಟುಕೊಳ್ಳುತ್ತದೆ. ಅದು ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ರೂಪಿಸಿದ್ದು. ಒಳಗೆ ಬರಲು ಎಂಟು, ಹೊರಗೆ ಹೋಗಲು ಎಂಟು, ಒಟ್ಟು 16 ಸಾಕು. ಅದಕ್ಕೇ ರಿಸ್2ಎಕ್ಸ್‌ಎಂಎಲ್, ಎಂಡ್2ಎಕ್ಸ್‌ಎಂಎಲ್, ಎಕ್ಸ್‌ಎಂಎಲ್2ಬಿಬ್ ಅಂತ ಹೆಸರುಗಳು.

ಈ ಪುಟ್ಟ ಪ್ರೋಗ್ರಾಮ್‌ಗಳು ನಿಜಕ್ಕೂ ಖಾಲಿ ಹೊದಿಕೆಗಳು. ಓದುವುದು, ಹೆಸರು ಬಿಡಿಸುವುದು, ಅಕ್ಷರ ಬದಲಿಸುವುದು ಎಲ್ಲಾ ನಡೆಯುವುದು ಲಿಬ್‌ಬಿಬ್‌ಯೂಟಿಲ್ಸ್ ಎಂಬ ಒಂದೇ ಹಂಚಿಕೆಯ ಲೈಬ್ರರಿ ಫೈಲ್‌ನಲ್ಲಿ. ಇಲ್ಲಿ ಲೈಬ್ರರಿ ಅಂದರೆ ಪುಸ್ತಕದ್ದಲ್ಲ, ಹಲವು ಪ್ರೋಗ್ರಾಮ್‌ಗಳು ಸೇರಿ ಬಳಸುವ ಕೋಡ್‌ನ ಫೈಲ್. ಡೆಬಿಯನ್, ಫೆಡೋರಾ ಎಂಬ ಲಿನಕ್ಸ್‌ಗಳಲ್ಲಿ ಇದು ಬೇರೆಯೇ ಪ್ಯಾಕೇಜ್ ಆಗಿ ಬರುತ್ತದೆ. ಗ್ರಂಥಪಟ್ಟಿ ತಿದ್ದುವ ಕೆಬಿಬ್‌ಟೆಕ್ ಎಂಬ ಪ್ರೋಗ್ರಾಮ್ ಕೂಡ ಕೆಲವು ರೂಪದ ಫೈಲ್‌ಗಳನ್ನು ಓದಲು ಇದೇ ಪ್ರೋಗ್ರಾಮ್‌ಗಳನ್ನು ಹಿಂದಿನಿಂದ ಕರೆಯುತ್ತದೆ. ಹಾಗಾಗಿ ಎರಡು ಮೂರು ಕಡೆ ಒಂದೇ ತರಹದ ತಪ್ಪು ಕಂಡರೆ ನಾನು ಮೇಲಿನ ಸಾಧನವನ್ನು ಬಯ್ಯುವುದಿಲ್ಲ, ಸೀದಾ ಕೆಳಗಿಳಿದು ನೋಡುತ್ತೇನೆ.

ಒಮ್ಮೆ ವಿಭಾಗದ ಸರ್ವರ್‌ನಲ್ಲಿ ಹೊಸ ಆವೃತ್ತಿ ಬೇಕಾಯಿತು. ಇಡೀ ಸರ್ವರ್ ಮೇಲೆ ಅಧಿಕಾರ ಕೊಡುವ ರೂಟ್ ಪಾಸ್‌ವರ್ಡ್ ನನ್ನ ಕೈಯಲ್ಲಿಲ್ಲ. ಸೋರ್ಸ್ ತಂದು ನನ್ನ ಹೋಮ್ ಫೋಲ್ಡರ್‌ನಲ್ಲೇ ಕಂಪೈಲ್ ಮಾಡಿದೆ. ಓಡಿಸಿದರೆ, ಹಂಚಿಕೆಯ ಲೈಬ್ರರಿ ತೆರೆಯಲಾಗಲಿಲ್ಲ ಅನ್ನುವ ಸಂದೇಶ. ಫೈಲ್ ಪಕ್ಕದ ಫೋಲ್ಡರ್‌ನಲ್ಲೇ ಇದೆ! ಪ್ರೋಗ್ರಾಮ್ ಶುರುವಾಗುವಾಗ ಲೈಬ್ರರಿ ಹುಡುಕಿ ಕೊಡುವ ಲಿನಕ್ಸ್‌ನ ಲೋಡರ್ ಪಕ್ಕದಲ್ಲೇನಿದೆ ಅಂತ ಹುಡುಕುವುದಿಲ್ಲ. ಅದು ನೋಡುವ ಜಾಗಗಳು ಗೊತ್ತುಮಾಡಿದ್ದು: ಪ್ರೋಗ್ರಾಮ್‌ನೊಳಗೇ ಬರೆದಿಟ್ಟ ದಾರಿ, ಎಲ್‌ಡಿ_ಲೈಬ್ರರಿ_ಪಾತ್ ಎಂಬ ಪರಿಸರ ಚರ (ಪ್ರೋಗ್ರಾಮ್‌ಗಳು ಓದಿಕೊಳ್ಳುವ ಒಂದು ಸೆಟ್ಟಿಂಗ್), ಎಲ್‌ಡಿಕಾನ್ಫಿಗ್ ತಯಾರಿಸಿಟ್ಟ ಕ್ಯಾಶ್, ಆಮೇಲೆ ಸಿಸ್ಟಮ್‌ನ ಲಿಬ್ ಫೋಲ್ಡರ್‌ಗಳು. ಎಲ್‌ಡಿಡಿ ಅಂತ ಒಂದು ಆದೇಶ ಇದೆ. ಅದನ್ನು ಪ್ರೋಗ್ರಾಮ್ ಮೇಲೆ ಓಡಿಸಿದರೆ ಯಾವ ಲೈಬ್ರರಿ ಎಲ್ಲಿಂದ ಬರುತ್ತಿದೆ, ಯಾವುದು ಸಿಕ್ಕಿಲ್ಲ ಅಂತ ಸಾಲು ಸಾಲಾಗಿ ತೋರಿಸುತ್ತದೆ. ನಾನು ಆ ಪರಿಸರ ಚರಕ್ಕೆ ನನ್ನ ಫೋಲ್ಡರ್ ಸೇರಿಸಿದೆ, ಓಡಿತು.

ಆದರೆ ಆ ಚರ ಹೊಂದಿಸುವ ಸಾಲನ್ನು ಲಾಗಿನ್ ಫೈಲ್‌ನಲ್ಲಿ ಕಾಯಂ ಆಗಿ ಹಾಕಬೇಡಿ. ಆಗ ಬೇರೆ ಪ್ರೋಗ್ರಾಮ್‌ಗಳೂ ನಿಮ್ಮ ಫೋಲ್ಡರ್‌ನಿಂದಲೇ ಲೈಬ್ರರಿ ಎತ್ತಿಕೊಳ್ಳಲು ಶುರುಮಾಡುತ್ತವೆ. ಹೊಸ ಪ್ರೋಗ್ರಾಮ್‌ಗೆ ಹಳೇ ಲೈಬ್ರರಿ ಸಿಕ್ಕಿತೋ, ಇಂಥ ಫಂಕ್ಷನ್ ಇಲ್ಲ ಅಂತ ಅರ್ಧದಲ್ಲೇ ನಿಲ್ಲುತ್ತದೆ. ನಾನು ಪುಟ್ಟ ಶೆಲ್ ಸ್ಕ್ರಿಪ್ಟ್ ಬರೆದು ಅದರೊಳಗೆ ಮಾತ್ರ ಆ ಚರ ಇಟ್ಟಿದ್ದೇನೆ. ಇಷ್ಟೂ ರಗಳೆ ಬೇಡ ಅಂದರೆ ಕಾನ್ಫಿಗರ್ ಮಾಡುವಾಗಲೇ ಸ್ಟ್ಯಾಟಿಕ್ ಅಂತ ಆರಿಸಬಹುದು. ಆಗ ಲೈಬ್ರರಿಯ ಕೋಡ್ ಪ್ರೋಗ್ರಾಮ್‌ನೊಳಗೇ ಸೇರುತ್ತದೆ, ಪ್ರತಿ ಪ್ರೋಗ್ರಾಮ್ ತನ್ನ ಬುತ್ತಿ ತಾನೇ ಕಟ್ಟಿಕೊಂಡ ಹಾಗೆ. ಫೈಲ್‌ಗಳು ದೊಡ್ಡದಾಗುತ್ತವೆ, ಅಷ್ಟೇ.

ನಿಜವಾದ ತಲೆನೋವು ಕನ್ನಡದ ಹೆಸರುಗಳು. ಹೆಸರಿನಲ್ಲಿ ಅಲ್ಪವಿರಾಮ ಇಲ್ಲದಿದ್ದರೆ ಲೈಬ್ರರಿ ಕೊನೆಯ ಪದವನ್ನು ಮನೆತನದ ಹೆಸರು ಅಂತ ತಿಳಿಯುತ್ತದೆ. 'ಶಿವರಾಮ ಕಾರಂತ' ಅಂದರೆ ತೊಂದರೆ ಇಲ್ಲ. ಆದರೆ ನಮ್ಮಲ್ಲಿ ಇನಿಶಿಯಲ್ ಹಿಂದೆ ಬರೆಯುವವರು ಎಷ್ಟು ಜನ ಅಲ್ವಾ? 'ಮಂಜುನಾಥ ಎಚ್. ಎಸ್.' ಅಂತ ಇದ್ದರೆ 'ಎಸ್.' ಎಂಬುದೇ ಮನೆತನವಾಗಿ, ಲೇಖಕರು ಪಟ್ಟಿಯಲ್ಲಿ ಎ ಅಕ್ಷರದ ಕೆಳಗೆ ಹೋಗಿ ಕೂರುತ್ತಾರೆ. ಸಂಸ್ಥೆಗಳದ್ದು ಇನ್ನೂ ತಮಾಷೆ. 'ಕನ್ನಡ ವಿಶ್ವವಿದ್ಯಾಲಯ, ಹಂಪಿ' ಅಂದರೆ ಹಂಪಿ ಎಂಬ ವ್ಯಕ್ತಿ, ಕನ್ನಡ ವಿಶ್ವವಿದ್ಯಾಲಯ ಮನೆತನದವರು!

ಇದಕ್ಕೆ ಎರಡು ಆಯ್ಕೆಗಳಿವೆ. ಎಕ್ಸ್‌ಎಂಎಲ್‌ಗೆ ಬದಲಿಸುವಾಗ 'ಆಸ್‌ಈಸ್' ಆಯ್ಕೆಯ ಜೊತೆ ಒಂದು ಪಠ್ಯ ಫೈಲ್ ಕೊಟ್ಟರೆ, ಅದರಲ್ಲಿರುವ ಹೆಸರುಗಳನ್ನು ಲೈಬ್ರರಿ ಮುಟ್ಟುವುದಿಲ್ಲ, ಇದ್ದ ಹಾಗೇ ಬಿಡುತ್ತದೆ. ಸಂಸ್ಥೆಗಳಿಗೆ 'ಕಾರ್ಪೊರೇಶನ್‌ ಫೈಲ್' ಅಂತ ಇಂಥದ್ದೇ ಇನ್ನೊಂದು. ಸಾಲಿಗೊಂದು ಹೆಸರು. ಅಕ್ಷರಕ್ಕೆ ಅಕ್ಷರ ಹೊಂದಬೇಕು, ಚುಕ್ಕಿ ಆದಮೇಲೆ ಒಂದು ಸ್ಪೇಸ್ ತಪ್ಪಿದರೂ ಹಿಡಿಯುವುದಿಲ್ಲ. ವರ್ಷಗಳಿಂದ ನನ್ನ ಈ ಎರಡು ಫೈಲ್‌ಗಳು ಬೆಳೆಯುತ್ತಲೇ ಇವೆ. ಹೊಸ ಪಟ್ಟಿ ಬಂದರೆ ಮೊದಲು ಮಾಡ್ಸ್‌ನಲ್ಲೇ ನಿಲ್ಲಿಸಿ ಹೆಸರುಗಳ ಮೇಲೆ ಕಣ್ಣಾಡಿಸುತ್ತೇನೆ. ಬಿಬ್‌ಟೆಕ್ ಆದಮೇಲೆ ಹುಡುಕುವುದಕ್ಕಿಂತ ಅಲ್ಲಿ ಸುಲಭ, ಯಾಕೆಂದರೆ ಹೆಸರಿನ ತುಂಡುಗಳು ಬೇರೆ ಬೇರೆ ಸಾಲಿನಲ್ಲಿ ಕಾಣುತ್ತವೆ.

ಹಳೇ ನುಡಿ ಆಸ್ಕಿ ಅಕ್ಷರದ ಪಟ್ಟಿಗಳಿದ್ದರೆ ಮೊದಲು ಯೂನಿಕೋಡ್ ಮಾಡಿಕೊಳ್ಳಿ, ಆಮೇಲೆ ಬಿಬ್‌ಯೂಟಿಲ್ಸ್ ಮುಟ್ಟಿ. ಆ ಪಠ್ಯ ನಮಗೆ ಕನ್ನಡವಾಗಿ ಕಂಡರೂ ಒಳಗೆ ಇರುವುದು ತಲೆ ಮೇಲೆ ಗೆರೆ ಎಳೆದ ಯುರೋಪಿನ ಅಕ್ಷರಗಳು, ಪೌಂಡ್ ಚಿಹ್ನೆಗಳು. ಎಕ್ಸ್‌ಎಂಎಲ್2ಬಿಬ್ ಅವನ್ನು ಲೇಟೆಕ್ ಸಂಕೇತಗಳಾಗಿ ಬಿಡಿಸಿ ಬರೆದುಬಿಡುತ್ತದೆ. ಆಮೇಲೆ ನುಡಿಯಿಂದ ಯೂನಿಕೋಡ್‌ಗೆ ಬದಲಿಸುವ ಪರಿವರ್ತಕಕ್ಕೆ ಅದರಿಂದ ನೇರವಾಗಿ ಕನ್ನಡ ಎತ್ತಲು ಆಗುವುದಿಲ್ಲ. ಯೂನಿಕೋಡ್ ಪಟ್ಟಿಗೂ ನಾನು 'ನೋ-ಲೇಟೆಕ್' ಆಯ್ಕೆ ಹಾಕಿಯೇ ಓಡಿಸುತ್ತೇನೆ, ಹೇಗೂ ನಾವು ಬಳಸುವುದು ಯೂನಿಕೋಡ್ ಅಕ್ಷರಗಳನ್ನು ನೇರವಾಗಿ ಓದುವ ಜೀಲೇಟೆಕ್. ಜೊತೆಗೆ 'ನೋ-ಬಾಮ್'. ಇಲ್ಲದಿದ್ದರೆ ಫೈಲ್‌ನ ಶುರುವಿನಲ್ಲೇ ಕಣ್ಣಿಗೆ ಕಾಣದ ಮೂರು ಬೈಟ್ ಕೂತು, ನಂತರದ ಸ್ಕ್ರಿಪ್ಟ್‌ಗಳು ಮೊದಲ ಸಾಲಿನಲ್ಲೇ ಮುಗ್ಗರಿಸುತ್ತವೆ.

ಒಂದು ವಿಷಯ ಬಿಟ್ಟುಹೋಗಿತ್ತು. ಆರ್ ಭಾಷೆಯಲ್ಲಿ ಕೆಲಸ ಮಾಡುವವರು ಆರ್‌ಬಿಬ್‌ಯೂಟಿಲ್ಸ್ ಪ್ಯಾಕೇಜ್ ಬಳಸುತ್ತಾರೆ. ಅದು ಸಿಸ್ಟಮ್‌ನ ಲೈಬ್ರರಿಯನ್ನು ಹುಡುಕುವುದಿಲ್ಲ, ಅದೇ ಕೋಡ್‌ನ ತನ್ನದೇ ಪ್ರತಿಯನ್ನು ಒಳಗೇ ಇಟ್ಟುಕೊಂಡಿದೆ. ನೀವು ಲಿನಕ್ಸ್‌ನಲ್ಲಿ ಪ್ಯಾಕೇಜ್ ಅಪ್‌ಡೇಟ್ ಮಾಡಿದರೆ ಟರ್ಮಿನಲ್‌ನಲ್ಲೂ ಕೆಬಿಬ್‌ಟೆಕ್‌ನಲ್ಲೂ ಬದಲಾವಣೆ ಕಾಣುತ್ತದೆ, ಆರ್‌ನಲ್ಲಿ ಕಾಣುವುದಿಲ್ಲ. ಒಂದೇ ರಿಸ್ ಫೈಲ್ ಎರಡು ಕಡೆ ಎರಡು ತರಹ ಬಂತು ಅಂತ ಯಾರಾದರೂ ಬಂದರೆ, ಎರಡೂ ಕಡೆಯ ಆವೃತ್ತಿ ಯಾವುದು ಅಂತಲೇ ನಾನು ಮೊದಲು ಕೇಳುತ್ತೇನೆ.