ತಿನ್ನೋ ಸ್ಪರ್ಧೆ ಮೇಲೆ ಡಾಕ್ಯುಮೆಂಟರಿ ಮಾಡ್ತೀರಾ? ಬಾಯಿಗಿಂತ ಕೈ ಕಡೆ ಕ್ಯಾಮೆರಾ ಇಡಿ

ಈ ವಿಷಯ ತಗೊಳ್ಳೋರು ಸುಮಾರು ಜನ ಬಾಯಿಗೆ ತುರುಕೋ ಕ್ಲೋಸಪ್‌ಗಳನ್ನೇ ಗುಡ್ಡೆ ಹಾಕ್ತಾರೆ, ನೋಡೋರಿಗೆ ಎರಡೇ ನಿಮಿಷಕ್ಕೆ ವಾಕರಿಕೆ ಬರುತ್ತೆ, ಅಷ್ಟು ಕಷ್ಟಪಟ್ಟ ಆಟಗಾರರಿಗೂ ಅದು ಅನ್ಯಾಯ. ಇದರಲ್ಲಿ ನಿಜವಾಗ್ಲೂ ಟೆಕ್ನಿಕ್ ಇದೆ, ಅದನ್ನ ತೋರಿಸಿ. 2001ರಲ್ಲಿ ನ್ಯೂಯಾರ್ಕ್‌ನ ಕೋನಿ ಐಲ್ಯಾಂಡ್‌ನಲ್ಲಿ ನಡೆಯೋ ನೇಥನ್ಸ್ ಹಾಟ್‌ಡಾಗ್ (ಬನ್ ಒಳಗೆ ಸಾಸೇಜ್ ಇಟ್ಟ ತಿಂಡಿ) ತಿನ್ನೋ ಸ್ಪರ್ಧೆಗೆ ಜಪಾನಿಂದ ಬಂದ ತಕೇರು ಕೊಬಯಾಶಿ 50 ಹಾಟ್‌ಡಾಗ್ ತಿಂದು ಹಳೇ ದಾಖಲೆನ ಹೆಚ್ಚುಕಮ್ಮಿ ಡಬಲ್ ಮಾಡಿಬಿಟ್ರು. ಸಾಸೇಜ್ ಎರಡು ತುಂಡು ಮಾಡಿ, ಬನ್ ಬೇರೆ ತೆಗೆದು ನೀರಲ್ಲಿ ಅದ್ದಿ ಹಿಂಡಿ ನುಂಗೋದು ಅವರ ವಿಧಾನ. ಆ ಬೆರಳುಗಳ ಲಯ, ನುಂಗುವಾಗ ಮೈ ಕುಲುಕಿಸೋದು, ಇಂಥದ್ದಕ್ಕೆ ಸ್ಲೋ ಮೋಷನ್ ಬಳಸಿ.

ನೇಥನ್ಸ್ ಸ್ಪರ್ಧೆ ಈಗ 10 ನಿಮಿಷ, ರೀಟೇಕ್ ಇಲ್ಲ. ಕಡಿಮೆ ಅಂದ್ರೂ ಮೂರು ಕ್ಯಾಮೆರಾ ಬೇಕು: ಒಂದು ಇಡೀ ವೇದಿಕೆಗೆ, ಒಂದು ನಿಮ್ಮ ಆಟಗಾರರಿಗೆ, ಇನ್ನೊಂದು ಎಣಿಸೋರಿಗೆ, ಯಾಕಂದ್ರೆ ಲೆಕ್ಕದ ಜಗಳ ಅಲ್ಲೇ ಹುಟ್ಟೋದು. ಕಾಲರ್ ಮೈಕ್‌ಗೆ ನೀರು ಚಿಮ್ಮುತ್ತೆ, ಶರ್ಟ್ ಒಳಗಡೆ ಅಂಟಿಸಿ. ಟಿವಿಯವರು ಇದ್ರೆ ಪ್ರಸಾರದ ಹಕ್ಕು ಅವರದ್ದೇ ಇರಬಹುದು, ಆಯೋಜಕರ ಹತ್ರ ಅನುಮತಿ ಬರಹದಲ್ಲೇ ತಗೊಳ್ಳಿ.

ಆದ್ರೆ ಕಥೆ ಇರೋದು ವೇದಿಕೆ ಆಚೆ. ಕಾಂಟ್ರಾಕ್ಟ್ ಜಗಳದಿಂದ 2010ರಲ್ಲಿ ಕೊಬಯಾಶಿ ಸ್ಪರ್ಧೆಗೇ ಇಳಿಯಲಿಲ್ಲ, ಆಮೇಲೆ ವೇದಿಕೆ ಹತ್ತೋಕೆ ಹೋಗಿ ಅರೆಸ್ಟ್ ಆದ್ರು. 2021ರಲ್ಲಿ 76 ತಿಂದು ದಾಖಲೆ ಮಾಡಿದ ಜೋಯಿ ಚೆಸ್ಟ್‌ನಟ್ ಕೂಡ ಬೇರೆ ಬ್ರ್ಯಾಂಡ್ ಜೊತೆ ಒಪ್ಪಂದ ಮಾಡ್ಕೊಂಡಿದ್ದಕ್ಕೆ 2024ರಲ್ಲಿ ಹೊರಗುಳಿಬೇಕಾಯ್ತು. ಹಾಗಾಗಿ ಸ್ಪರ್ಧೆಗೆ ತಿಂಗಳುಗಳ ಮುಂಚೆನೇ ಶೂಟಿಂಗ್ ಶುರು ಮಾಡಿ, ದುಡ್ಡು ಎಲ್ಲಿಂದ ಬರುತ್ತೆ, ಮನೆಯವರಿಗೆ ಏನು ಭಯ ಅಂತ ಕೇಳಿ.

ಟ್ರೈನಿಂಗ್ ತೋರಿಸುವಾಗ ಮಾತ್ರ ದಯವಿಟ್ಟು ಹುಷಾರು. ಹೊಟ್ಟೆ ಹಿಗ್ಗಿಸೋಕೆ ಒಂದೇ ಸಲ ತುಂಬಾ ನೀರು ಕುಡಿಯೋದ್ರಿಂದ ರಕ್ತದಲ್ಲಿ ಸೋಡಿಯಂ ಇಳಿದು ಜೀವಕ್ಕೇ ಕುತ್ತು ಬರಬಹುದು, ಗಂಟಲಿಗೆ ಸಿಕ್ಕಿಕೊಳ್ಳೋ ಅಪಾಯ ಬೇರೆ. ಎಷ್ಟು ಲೀಟರ್, ಎಷ್ಟು ಹೊತ್ತು ಅನ್ನೋ ರೆಸಿಪಿ ಥರ ಮಾಹಿತಿ ಹಾಕ್ಬೇಡಿ, ಡಾಕ್ಟರ್ ಮಾತು ಅದೇ ಸೀನ್ ಒಳಗೇ ಬರಲಿ. ಕ್ಯಾಮೆರಾಗೋಸ್ಕರ ಇನ್ನೊಂದು ಸಲ ತಿನ್ನಿ ಅಂತ ಯಾರಿಗೂ ಹೇಳ್ಬೇಡಿ.

ಸ್ಪರ್ಧೆ ಮುಗಿದ ಕೂಡ್ಲೆ ಅವರಿಗೆ ಮಾತಾಡೋ ಸ್ಥಿತಿ ಇರಲ್ಲ. ಪ್ರಶ್ನೆ ಕೇಳದೆ ದೂರದಿಂದ ಶೂಟ್ ಮಾಡಿ, ಇಂಟರ್ವ್ಯೂ ಮಾರನೇ ದಿನಕ್ಕೆ ಇಟ್ಕೊಳ್ಳಿ.