ಹೊತ್ತಿಗೊಂದು ಶಾಸ್ತ್ರ ಕಟ್ಟಿದ ಕತೆ

ಕಾಲ ಎಂಬುದು ಹರಿಯುವ ವಸ್ತು. ಅದನ್ನು ಅಳೆಯಬಹುದು, ತಡೆಯಬಹುದು, ತುಂಬಿಡಬಹುದು. ಇಂಥದ್ದೊಂದು ಶಾಸ್ತ್ರ ಬೆಳೆದಿರುವ ಲೋಕದ ಕತೆಯನ್ನು ನಾನು ಎರಡು ವರ್ಷದಿಂದ ಬರೆಯುತ್ತಿದ್ದೇನೆ. ಕತೆಗಿಂತ ಆ ಶಾಸ್ತ್ರ ಕಟ್ಟುವುದಕ್ಕೇ ಜಾಸ್ತಿ ದಿನ ಹಿಡಿಯಿತು.

ಹೆಸರು ಮಾತ್ರ ಬೇಗ ಸಿಕ್ಕಿತು. ಹೊತ್ತು ಏರಿತು, ಹೊತ್ತು ಇಳಿಯಿತು ಅನ್ನುತ್ತೇವೆ. ಬೆಳಕು ಹರಿಯಿತು ಅನ್ನುತ್ತೇವೆ. ಹೊತ್ತು ಅಂದರೆ ಸೂರ್ಯ ಅನ್ನುವ ಅರ್ಥವೂ ಇದೆ, ಏರುವುದು ಇಳಿಯುವುದು ಅವನೇ. ಆದರೂ ನನಗೆ ಬೇಕಿದ್ದ ನೀರಿನ ಮಟ್ಟ ಆ ಮಾತಿನಲ್ಲೇ ಇತ್ತು. ನನ್ನ ದ್ರವಕ್ಕೆ ಹೊತ್ತು ಎಂದೇ ಹೆಸರಿಟ್ಟೆ. ಅಳತೆಗೆ ಗುಟುಕು.

ಮೊದಲ ಸಲ ಬರೆದದ್ದು ಕೆಟ್ಟಿತು. ಕಾಯಿಲೆ ಬಿದ್ದ ಮಗಳಿಗೆ ಅಪ್ಪ ಜಾಡಿಯಿಂದ ಹೊತ್ತು ಸುರಿದು ಕೊಡುತ್ತಾನೆ. ಖಾಲಿಯಾದರೆ ಇನ್ನೊಂದು ಜಾಡಿ. ನಲವತ್ತು ಪುಟ ಓದಿದ ಗೆಳತಿ ಒಂದೇ ಪ್ರಶ್ನೆ ಕೇಳಿದಳು: "ಆ ಜಾಡಿಗೆ ಅದು ಎಲ್ಲಿಂದ ಬಂತು?" ನನ್ನ ಹತ್ತಿರ ಉತ್ತರ ಇರಲಿಲ್ಲ. ನಲವತ್ತೂ ಪುಟ ತೆಗೆದುಹಾಕಿದೆ.

ಆಗ ಶಾಖದ ಹಳೆಯ ಶಾಸ್ತ್ರ ಓದಲು ಕೂತೆ. ಶಾಖವೂ ಒಂದು ದ್ರವ ಎಂದು ವಿಜ್ಞಾನಿಗಳು ನಂಬಿದ್ದ ಕಾಲವಿತ್ತು. ಅದಕ್ಕೆ ಕ್ಯಾಲೊರಿಕ್ ಎಂದು ಹೆಸರು. 1789ರಲ್ಲಿ ಫ್ರಾನ್ಸಿನ ರಸಾಯನ ವಿಜ್ಞಾನಿ ಲವಾಸಿಯೆ ಅದನ್ನು ಮೂಲವಸ್ತುಗಳ ಪಟ್ಟಿಗೇ ಸೇರಿಸಿದ. 1824ರಲ್ಲಿ ಅದೇ ದೇಶದ ಎಂಜಿನಿಯರ್ ಕಾರ್ನೊ, ನೀರು ಮೇಲಿಂದ ಬಿದ್ದು ಚಕ್ರ ತಿರುಗಿಸುವ ಹಾಗೆ ಶಾಖ ಬಿಸಿಯಿಂದ ತಂಪಿಗೆ ಇಳಿದು ಯಂತ್ರ ಓಡಿಸುತ್ತದೆ ಎಂದು ಲೆಕ್ಕ ಹಾಕಿದ. ಅಂಥ ದ್ರವವೇ ಇಲ್ಲ. ಆದರೆ ಯಂತ್ರದಿಂದ ಗರಿಷ್ಠ ಎಷ್ಟು ಕೆಲಸ ಪಡೆಯಬಹುದು ಎಂಬ ಅವನ ತೀರ್ಮಾನ ಇವತ್ತಿಗೂ ನಿಂತಿದೆ. ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಇಲ್ಲದ ದ್ರವಕ್ಕೂ ಜಮಾ ಖರ್ಚು ಸರಿಯಾಗಿರಬೇಕು! ನನ್ನ ಮೊದಲ ನಿಯಮ ಹುಟ್ಟಿದ್ದು ಹೀಗೆ: ಒಂದು ಕಡೆ ಗುಟುಕು ಹೆಚ್ಚಿದರೆ ಇನ್ನೊಂದು ಕಡೆ ಅಷ್ಟೇ ಕಡಿಮೆಯಾಗಬೇಕು. ಈಗ ಅಪ್ಪ ಮಗಳಿಗೆ ಹೊತ್ತು ಕೊಟ್ಟಾಗಲೆಲ್ಲ ಅವನ ಕೈಯ ಉಗುರು ಬೆಳೆಯುವುದು ನಿಲ್ಲುತ್ತದೆ.

ದ್ರವ ಹೇಗೆ ನಡೆದುಕೊಳ್ಳುತ್ತದೆ ಎಂದು ಕಣ್ಣಾರೆ ನೋಡಬೇಕಿತ್ತು. ನೆಟ್ಟಗಿನ ಪ್ಲಾಸ್ಟಿಕ್ ಬಾಟಲಿಯ ಮೇಲ್ಭಾಗ ಕತ್ತರಿಸಿ, ಕಾಯಿಸಿದ ಸೂಜಿಯಿಂದ ತಳದ ಹತ್ತಿರ ತೂತು ಮಾಡಿದೆ. ನೀರು ತುಂಬಿ, ಅರ್ಧ ನಿಮಿಷಕ್ಕೊಮ್ಮೆ ನೀರಿನ ಮಟ್ಟಕ್ಕೆ ಪೆನ್ನಿನಲ್ಲಿ ಗೆರೆ ಎಳೆಯುತ್ತಾ ಹೋದೆ. ಮೇಲೆ ಗೆರೆಗಳು ದೂರ ದೂರ. ಕೆಳಗೆ ಬಂದ ಹಾಗೆ ಒಂದಕ್ಕೊಂದು ಅಂಟಿಕೊಂಡವು. ಖಾಲಿಯಾಗಲು ಹತ್ತು ನಿಮಿಷ ಬೇಕಾಯಿತು, ಅದರಲ್ಲಿ ಮೇಲಿನ ಅರ್ಧ ಮೂರು ನಿಮಿಷದೊಳಗೇ ಹೋಗಿತ್ತು. ನೀರಿನ ಎತ್ತರ ಕಾಲು ಭಾಗಕ್ಕೆ ಇಳಿದರೆ ಹೊರಬರುವ ವೇಗ ಅರ್ಧವಾಗುತ್ತದೆ. ಇಟಲಿಯ ವಿಜ್ಞಾನಿ ಟೊರಿಚೆಲ್ಲಿ 17ನೇ ಶತಮಾನದಲ್ಲೇ ಕಂಡುಕೊಂಡ ನಿಯಮ ಇದು. ಈಜಿಪ್ಟಿನ ಕಾರ್ನಾಕ್‌ನಲ್ಲಿ ಸಿಕ್ಕ ಸುಮಾರು 3,400 ವರ್ಷ ಹಳೆಯ ನೀರಿನ ಗಡಿಯಾರ ಮೇಲೆ ಅಗಲ, ಕೆಳಗೆ ಕಿರಿದಾಗಿರುವುದು ಯಾಕೆ ಎಂದು ಆಗ ಅರ್ಥವಾಯಿತು: ಹರಿವು ನಿಧಾನವಾದರೂ ಮಟ್ಟ ಆದಷ್ಟು ಸಮನಾಗಿ ಇಳಿಯಲಿ ಎಂದು. ಗಳಿಗೆ ಬಟ್ಟಲಿನದು ಬೇರೆಯೇ ದಾರಿ. ತಳದಲ್ಲಿ ತೂತಿರುವ ಬಟ್ಟಲನ್ನು ನೀರಿನ ಮೇಲೆ ಬಿಟ್ಟರೆ ತುಂಬಿ ಮುಳುಗುತ್ತದೆ. ಒಂದು ಮುಳುಗಿಗೆ ಒಂದು ಗಳಿಗೆ, ಅಂದರೆ 24 ನಿಮಿಷ.

ಗೋಡೆಯ ನಿಯಮ ನನಗೆ ಎಲ್ಲಕ್ಕಿಂತ ಇಷ್ಟ. ಕೊಳವೆಯಲ್ಲಿ ಹರಿಯುವ ನೀರು ನಡುವೆ ಜೋರು, ಗೋಡೆಗೆ ತಾಗಿದ ಪದರ ಮಾತ್ರ ಅಲ್ಲೇ ನಿಂತಿರುತ್ತದೆ. ಹೊತ್ತಿಗೂ ಹಾಗೇ ಇರಲಿ ಎಂದುಕೊಂಡೆ. ಗೋಡೆಗೆ ಒರಗಿಸಿಟ್ಟ ವಸ್ತು ನಿಧಾನವಾಗಿ ಹಳೆಯದಾಗುತ್ತದೆ. ಅಪ್ಪ ಯಾರಿಗೂ ಹೇಳದೆ, ದಿನಕ್ಕೆ ಒಂದು ಬೆರಳಿನಷ್ಟು, ಮಗಳ ಮಂಚವನ್ನು ಗೋಡೆಯ ಕಡೆ ತಳ್ಳುತ್ತಾ ಬರುತ್ತಾನೆ.

ತುಂಬಾ ಕಾಡಿದ್ದು ವೇಗದ ಪ್ರಶ್ನೆ. ಹರಿಯುತ್ತದೆ ಅಂದಮೇಲೆ ವೇಗ ಇರಬೇಕು ಅಲ್ವಾ? ನೀರಾದರೆ ನಿಮಿಷಕ್ಕೆ ಇಷ್ಟು ಲೀಟರ್. ಹೊತ್ತು? ಸೆಕೆಂಡಿಗೆ ಒಂದು ಸೆಕೆಂಡ್ ಅಂದರೆ ಏನೂ ಹೇಳಿದ ಹಾಗಾಗಲಿಲ್ಲ. 1687ರಲ್ಲಿ ನ್ಯೂಟನ್, ಕಾಲ ಹೊರಗಿನ ಯಾವುದರ ಹಂಗೂ ಇಲ್ಲದೆ ಸಮನಾಗಿ ಹರಿಯುತ್ತದೆ ಎಂದು ಬರೆದ. ನನ್ನ ಗೋಡೆ ಅದಕ್ಕೆ ಒಗ್ಗುವುದಿಲ್ಲ. ದಾರಿ ತೋರಿಸಿದ್ದು ಜಿಪಿಎಸ್. ಆ ಉಪಗ್ರಹಗಳ ಗಡಿಯಾರಗಳು, ಸರಿಪಡಿಸದಿದ್ದರೆ, ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ ಮುಂದೆ ಹೋಗುತ್ತವೆ. ಅಲ್ಲೇ ಕೂತು ನೋಡುವವರಿಗೆ ಅದು ಗೊತ್ತಾಗುವುದಿಲ್ಲ, ಎರಡನ್ನೂ ಹೋಲಿಸಿದವರಿಗೇ ಗೊತ್ತು. ಹಾಗಾಗಿ ನನ್ನ ಶಾಸ್ತ್ರದಲ್ಲಿ ಒಂಟಿ ಗಡಿಯಾರಕ್ಕೆ ಅರ್ಥವೇ ಇಲ್ಲ. ಎಲ್ಲ ಉಪಕರಣಗಳೂ ಜೋಡಿ.

ಆವತ್ತು ಬಾಟಲಿಯ ಕೊನೆಯ ಹನಿ ಬೀಳಲಿಲ್ಲ. ತೂತಿನ ಅಂಚಿಗೆ ಕಚ್ಚಿಕೊಂಡು ಹಾಗೇ ನೇತಾಡುತ್ತಿತ್ತು. ಈ ವಾರ ಆ ಹನಿಯನ್ನು ಕತೆಗೆ ತಂದೆ. ಒಂದು ಪಾತ್ರೆ ಕೋಣೆಯ ನಡುವೆ ತೊಟ್ಟಿಕ್ಕುತ್ತಿದೆ. ಇನ್ನೊಂದು ಗೋಡೆಯ ಪಕ್ಕ, ಮಗಳ ತಲೆದಿಂಬಿನ ಹತ್ತಿರ. ಅಪ್ಪ ದೀಪ ಹಿಡಿದು ಆ ಎರಡನೆಯ ಹನಿಯನ್ನೇ ನೋಡುತ್ತಾ ಕೂತಿದ್ದಾನೆ.